ಎರಡನೇ ಆಲ್ಬಮ್ಮಿನ ತೂತು

ಕೇಂದ್ರ ತಪ್ಪಿದ ಬದುಕು ಎಷ್ಟು ಸುತ್ತಿದರೂ ನೆಲೆ ಕಾಣದು ಎಂದು ಬಲ್ಲವರು ಹೇಳುತ್ತಾರೆ. ಎಷ್ಟು ತಪ್ಪಬಹುದು ಎಂಬ ಅಳತೆಯನ್ನು ಮಾತ್ರ ಬಲ್ಲವರು ಯಾರೂ ಕೊಟ್ಟುಹೋಗಿಲ್ಲ. ನಮ್ಮ ಕಾರ್ಖಾನೆಯವರು ಕೊಟ್ಟಿದ್ದರು: ಒಂದು ಇಂಚನ್ನು ಸಾವಿರ ಪಾಲು ಮಾಡಿ, ಅದರಲ್ಲಿ ಎರಡು ಪಾಲು. ಅದಕ್ಕಿಂತ ಹೆಚ್ಚು ತಪ್ಪಿದ್ದರೆ ಮಾಲು ವಾಪಸ್.

ಆ ಸಾವಿರದ ಒಂದು ಪಾಲಿಗೆ ನಮ್ಮ ಕಸುಬಿನಲ್ಲಿ ಥೌ ಅನ್ನುತ್ತಾರೆ. ಡೆಟ್ರಾಯಿಟ್ ಕಡೆಯ ವಿಕ್ಸಮ್‌ನಲ್ಲಿ, ಕಾರಿನ ಬಿಡಿಭಾಗ ಮಾಡುವ ಕಂಪನಿಯೊಂದರಲ್ಲಿ ನಾನು ಇಪ್ಪತ್ತೊಂಬತ್ತು ವರ್ಷ ಇನ್‌ಸ್ಪೆಕ್ಟರ್ ಆಗಿದ್ದೆ. ತಿರುಗುವ ವಸ್ತು ತನ್ನ ನಡುವನ್ನೇ ಹಿಡಿದು ತಿರುಗುತ್ತಿದೆಯೋ ಓಲಾಡುತ್ತಿದೆಯೋ ಎಂದು ಡಯಲ್ ಗೇಜ್ ಹಚ್ಚಿ ನೋಡುವುದು, ಓಲಾಡಿದರೆ ಇಲ್ಲ ಅನ್ನುವುದು, ಇಷ್ಟೇ ಕೆಲಸ. ಇಷ್ಟು ಸಣ್ಣ ಕೆಲಸಕ್ಕೆ ಅಷ್ಟು ದೊಡ್ಡ ಮುಖ ಮಾಡಿಕೊಂಡು ಓಡಾಡಿದವನು ಆ ಕೌಂಟಿಯಲ್ಲಿ ಇನ್ನೊಬ್ಬನಿರಲಿಲ್ಲ. ರಿಟೈರ್ ಆದ ದಿನ ಕೇಕ್ ಕತ್ತರಿಸುವಾಗಲೂ ಅದರ ನಡು ಎಲ್ಲಿದೆ ಎಂದು ಹುಡುಕಿದೆನಂತೆ. ನನ್ನ ಹೆಂಡತಿ ಅದನ್ನು ಹೇಳಿ ಹೇಳಿ ನಗುತ್ತಾಳೆ. ಹುಡುಕಿದ್ದು ನಿಜ.

ಈಗ ಹೇಳಹೊರಟಿರುವುದು ಒಂದು ರಾಕ್ ಬ್ಯಾಂಡಿನ ಎರಡನೇ ಆಲ್ಬಮ್ಮಿನ ವಿಷಯ. ಅದಕ್ಕೂ ನನಗೂ ಇರುವ ಸಂಬಂಧ ಮೂವತ್ತು ಥೌ.

ಬ್ಯಾಂಡು ಷಿಕಾಗೋ ಕಡೆಯದು, ನಾಲ್ಕು ಜನರದ್ದು. ಅದರಲ್ಲಿ ಗಿಟಾರ್ ಹಿಡಿದು ಹಾಡುವವಳು ನನ್ನ ಗೆಳೆಯನ ಮಗಳು. ಅಲ್ಲೇ ಹುಟ್ಟಿ ಬೆಳೆದವಳು. ವಾರವೆಲ್ಲ ಇಟಾಸ್ಕಾದ ಒಂದು ವಿಮಾ ಆಫೀಸಿನಲ್ಲಿ ಸದ್ದಿಲ್ಲದ ಕೆಲಸ, ಶನಿವಾರ ಡ್ರಮ್ಮಿನವನ ಬೇಸ್‌ಮೆಂಟಿನಲ್ಲಿ ವಾರದ ಬಾಕಿ ಸದ್ದೆಲ್ಲ. ಕನ್ನಡ ಪೂರ್ತಿ ಅರ್ಥವಾಗುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. ನಾನು ಅವಳಿಗೆ ಅಂಕಲ್.

ಗೆಳೆಯ ಷಿಕಾಗೋ ಪಕ್ಕದ ಲಿಸ್ಲ್‌ನಲ್ಲಿದ್ದ. ಮೈಸೂರಿನವನು. ಓದಲು ಬಂದ ಹೊಸತರಲ್ಲಿ ಡೆಟ್ರಾಯಿಟ್‌ನ ಒಂದೇ ರೂಮಿನಲ್ಲಿ ಇಬ್ಬರೂ ಎರಡು ವರ್ಷ ಅನ್ನ ಬೇಯಿಸಿಕೊಂಡಿದ್ದೆವು. ಆಮೇಲೆ ಅವನು ಷಿಕಾಗೋ ಕಡೆ ಹೋದ, ನಾನು ಇಲ್ಲೇ ಉಳಿದೆ. ಅವನ ಹೆಂಡತಿ ತೀರಿಕೊಂಡು ಆರು ವರ್ಷವಾಗಿತ್ತು. ಅವನಿಗೆ ದೇವರ ವಿಷಯದಲ್ಲಿ ಅನುಮಾನಗಳಿದ್ದವು, ಶ್ರುತಿಯ ವಿಷಯದಲ್ಲಿ ಒಂದೂ ಇರಲಿಲ್ಲ. ಯಾರದಾದರೂ ಗೃಹಪ್ರವೇಶದಲ್ಲಿ ಹೆಣ್ಣುಮಕ್ಕಳು ದೇವರನಾಮ ಹೇಳುತ್ತಿದ್ದರೆ ಮೆಲ್ಲಗೆ ಎದ್ದುಹೋಗಿ ಶ್ರುತಿಪೆಟ್ಟಿಗೆಯ ಸದ್ದು ಜೋರು ಮಾಡಿ ಬಂದು ಕೂರುತ್ತಿದ್ದ. ಹಾಡುವವರಿಗೆ ಅದರ ಅರ್ಥ ಗೊತ್ತಿತ್ತು. ಮನೆಯ ಮೈಕ್ರೋವೇವಿನ ಬೀಪ್ ಸ್ವಲ್ಪ ಇಳಿದಿದೆ ಎಂದು ಅದನ್ನು ಮಾರಿದ್ದ.

ನಾನು ಇದಕ್ಕೆ ತದ್ವಿರುದ್ಧ. ಯಾರು ಹೇಗೆ ಹಾಡಿದರೂ ತಲೆದೂಗಿ ಭೇಷ್ ಅನ್ನುವವನು. ಮನೆಗೆ ಕರೆದು ಊಟ ಹಾಕಿದವರು ಹಾಡುತ್ತಿರುವಾಗ ಇನ್ನೇನು ಅನ್ನುವುದು? ಅವನಿಗೆ ಇದು ಆಗುತ್ತಿರಲಿಲ್ಲ.

"ಕಬ್ಬಿಣಕ್ಕೆ ಎರಡು ಥೌ ಮೇಲೆ ಬಿಡಲ್ಲ, ಮನುಷ್ಯರಿಗೆ ಎರಡು ಗಜ ಬಿಡ್ತೀಯಲ್ಲೋ," ಅನ್ನುತ್ತಿದ್ದ.

ಮಗಳ ಬ್ಯಾಂಡಿನ ಮೊದಲನೇ ಆಲ್ಬಮ್ ಬಂದಾಗ ಅವಳು ಅವನಿಗೆ ಲಿಂಕ್ ಕಳಿಸಿದಳು. ಅವನು ಲ್ಯಾಪ್‌ಟಾಪಿನಲ್ಲಿ ಒಂದೂವರೆ ಹಾಡು ಕೇಳಿ, ಫೋನ್ ಮಾಡಿ, ಶ್ರುತಿ ಇಲ್ಲ ಅಂದ. ಎರಡೇ ಪದ. ಅದಾದ ಮೇಲೆ ಎರಡು ವರ್ಷ ಅಪ್ಪ ಮಗಳ ಮಾತು ಯುಗಾದಿಗೆ ಒಂದು ಸಲ, ದೀಪಾವಳಿಗೆ ಒಂದು ಸಲ, ಅದೂ ಅಲ್ಲಿ ಎಷ್ಟು ಡಿಗ್ರಿ ಇಲ್ಲಿ ಎಷ್ಟು ಡಿಗ್ರಿ ಅನ್ನುವಷ್ಟಕ್ಕೆ ಬಂದು ನಿಂತಿತು. ನಿಜ ಹೇಳಿದೆ, ತಪ್ಪೇನು ಎಂದು ಅವನು ನನ್ನನ್ನು ಕೇಳಿದ. ತಪ್ಪೇನೂ ಇಲ್ಲ ಅಂದೆ. ಅಂಕಲ್, ನೀವು ಕೇಳಿದಿರಾ ಎಂದು ಅವಳೂ ಕೇಳಿದಳು. ಭೇಷ್ ಅಂದೆ.

ಹೋದ ವರ್ಷದ ಬೇಸಿಗೆಯಲ್ಲಿ ಅವನ ಗಂಟಲು ಕಟ್ಟಿತು. ಮೊದಲು ಅಲರ್ಜಿ ಅಂದರು, ಆಮೇಲೆ ಆ್ಯಸಿಡ್ ಅಂದರು, ಕೊನೆಗೆ ಕ್ಯಾನ್ಸರ್ ಅಂದರು. ಧ್ವನಿಪೆಟ್ಟಿಗೆಯನ್ನೇ ತೆಗೆಯಬೇಕು, ಆಪರೇಷನ್ ಆದ ಮೇಲೆ ಮಾತಿಲ್ಲ, ಹಾಡಂತೂ ಇಲ್ಲ ಎಂದು ಡಾಕ್ಟರು ಹೇಳಿದರು. ಮೂರು ವಾರದ ಮುಂದಕ್ಕೆ ದಿನ ಗೊತ್ತಾಯಿತು.

ಸುದ್ದಿ ತಿಳಿದು ಮಗಳು ಲಿಸ್ಲ್‌ಗೆ ಬಂದಳು. ಎರಡು ವರ್ಷದ ಮೌನವನ್ನು ಇಬ್ಬರೂ ಹೇಗೆ ದಾಟಿದರೋ ನನಗೆ ತಿಳಿಯದು. ಅವನು ಹೇಳಿದ್ದು ಇಷ್ಟೇ: ಬ್ಯಾಂಡು ಎರಡನೇ ಆಲ್ಬಮ್ ಮಾಡುತ್ತಿದೆ, ಕೊನೆಯ ಹಾಡಿಗೆ ಅಡಿಯಲ್ಲಿ ಒಂದು ಧ್ವನಿ ಬೇಕಂತೆ, ಅಪ್ಪ ಹಾಡಬೇಕಂತೆ. ಕೀರ್ತನೆಯಲ್ಲ, ರಾಗವಲ್ಲ, ಬರೀ ಷಡ್ಜ. ಒಂದೇ ಸ್ವರವನ್ನು ಎಳೆದು ಹಿಡಿದರೆ ಸಾಕು, ಅದರ ಮೇಲೆ ಅವರು ತಮ್ಮ ಗಿಟಾರಿನ ಗದ್ದಲ ಮಾಡಿಕೊಳ್ಳುತ್ತಾರೆ. ಅರವತ್ತು ವರ್ಷ ಸಂಗೀತ ಕಲಿತವನನ್ನು ಶ್ರುತಿಪೆಟ್ಟಿಗೆ ಮಾಡಿದಳು ನೋಡೋ ಎಂದು ಫೋನಿನಲ್ಲಿ ಕರಕರ ದನಿಯಲ್ಲೇ ದೂರಿದ. ಆ ಒಂದು ಸ್ವರಕ್ಕಾಗಿ ನಾಲ್ಕು ದಿನ ಸಾಧನೆ ಮಾಡಿದ್ದನ್ನೂ ಹೇಳಿದ. ಬೆಳಿಗ್ಗೆ ಬಿಸಿನೀರು ಕುಡಿದ ಅರ್ಧ ಗಂಟೆ ಮಾತ್ರ ಗಂಟಲು ಮಾತು ಕೇಳುತ್ತದಂತೆ. ಆ ಅರ್ಧ ಗಂಟೆಯಲ್ಲೇ ಬೇಸ್‌ಮೆಂಟಿಗೆ ಹೋಗಿ ಹಾಡಿ ಬಂದ. ಹನ್ನೊಂದು ದಿನಕ್ಕೆ ಆಪರೇಷನ್ ಆಯಿತು.

ಆಮೇಲೆ ಅವನ ಮಾತೆಲ್ಲ ಒಂದು ಬಿಳಿ ಹಲಗೆಯ ಮೇಲೆ. ಮಾರ್ಕರಿನಲ್ಲಿ ಬರೆದು ಎತ್ತಿ ತೋರಿಸುತ್ತಿದ್ದ. ಬೈಗುಳಕ್ಕೆ ಮೊದಲಿಗಿಂತ ಹೊತ್ತು ಹಿಡಿಯುತ್ತಿದ್ದುದರಿಂದ ಸ್ವಭಾವ ಮೆತ್ತಗಾದಂತೆ ಕಾಣುತ್ತಿತ್ತು. ಹಾಡನ್ನು ಕಂಪ್ಯೂಟರಿನಲ್ಲಿ ಕೇಳಿಸುತ್ತೇನೆಂದು ಮಗಳು ಅಂದಾಗ ಬೇಡ ಎಂದು ಬರೆದ. ಹೋದ ಸಲ ಲ್ಯಾಪ್‌ಟಾಪಿನಲ್ಲಿ ಅರ್ಧಂಬರ್ಧ ಕೇಳಿ ತೀರ್ಪು ಕೊಟ್ಟದ್ದು ತಪ್ಪು. ಈ ಸಲ ಪ್ಲೇಟು ಬರಲಿ, ಮೊದಲಿನಿಂದ ಕೊನೆಯವರೆಗೆ, ಎರಡೂ ಮಗ್ಗುಲು, ಏಳದೆ ಕೂತು ಕೇಳಿ ಹೇಳುತ್ತೇನೆ ಎಂದು. ಅವರು ಕಪ್ಪು ಪ್ಲೇಟನ್ನೇ ಒತ್ತಿಸುವವರಿದ್ದರು. ಹಳೇ ಗ್ರಾಮಫೋನ್ ಕಾಲದ್ದು ಈಗ ಹುಡುಗರಿಗೆ ಮತ್ತೆ ಬೇಕಾಗಿದೆ.

ಡಿಸೆಂಬರಿನಲ್ಲಿ ಕ್ಯಾನ್ಸರು ಶ್ವಾಸಕೋಶಕ್ಕೆ ಬಂದಿರುವುದು ಗೊತ್ತಾಯಿತು. ಎರಡು ತಿಂಗಳು, ಹೆಚ್ಚೆಂದರೆ ಮೂರು ಅಂದರು. ಮಗಳು ಇದ್ದ ಮನೆ ಬಿಟ್ಟು ಅಪ್ಪನ ಮನೆಗೆ ಬಂದು ನಿಂತಳು. ಅಲ್ಲಿಗೆ ಆ ಪ್ಲೇಟು ಬೇಗ ಬರಬೇಕೆಂಬುದೊಂದೇ ಎಲ್ಲರ ಕೆಲಸವಾಯಿತು.

ಪ್ಲೇಟು ಒತ್ತುವ ಜಾಗ ನಮ್ಮ ವಿಕ್ಸಮ್‌ನ ಇಂಡಸ್ಟ್ರಿಯಲ್ ಪಾರ್ಕಿನಲ್ಲೇ ಇತ್ತು, ನನ್ನ ಮನೆಯಿಂದ ನಾಲ್ಕು ಮೈಲಿ. ಮಾಲೀಕರು ರಾಣೆಬೆನ್ನೂರಿನ ಸಾಬರು. ಮೊದಲು ಕಾರಿನ ಪ್ಲಾಸ್ಟಿಕ್ ಗುಬುಟು, ಬಳೆ, ಬುಷ್ ಒತ್ತಿ ನಮ್ಮ ಕಂಪನಿಗೆ ಕೊಡುತ್ತಿದ್ದವರು. ಆ ಆರ್ಡರು ಕಮ್ಮಿಯಾದ ಮೇಲೆ ಪ್ಲೇಟು ಒತ್ತಲು ಶುರುಮಾಡಿದ್ದರು. ಒಮ್ಮೆ ಅವರ ಇಡೀ ಲಾರಿ ಮಾಲನ್ನು ಎರಡೂವರೆ ಥೌ ಇದೆಯೆಂದು ನಾನು ವಾಪಸ್ ಕಳಿಸಿದ್ದೆ. ಅದಾದ ಮೇಲೆ ನಮ್ಮ ನಡುವೆ ಬಹಳ ಗೌರವವಿತ್ತು. ಮಗಳಿಗೆ ಈ ಜಾಗ ಹೇಳಿದವನೂ ನಾನೇ.

ಕೆಲಸ ನಡೆಯುವ ಕ್ರಮ ಹೀಗೆ. ಹಾಡು ಲೋಹದ ಅಚ್ಚಿಗೆ ಇಳಿಯುತ್ತದೆ, ಮಗ್ಗುಲಿಗೊಂದು ಅಚ್ಚು. ಬಿಸಿ ಪ್ಲಾಸ್ಟಿಕ್ ಮುದ್ದೆಯನ್ನು ಎರಡು ಅಚ್ಚಿನ ನಡುವೆ ಇಟ್ಟು ಒತ್ತಿದರೆ ಪ್ಲೇಟು. ಅಚ್ಚಿನ ನಡುವೆ ತೂತು ಹೊಡೆಯುವಾಗ ಕೂದಲೆಳೆ ಆಚೀಚೆ ಆದರೆ, ಆ ಅಚ್ಚಿನಿಂದ ಬಂದ ಪ್ರತಿಯೊಂದು ಪ್ಲೇಟೂ ಆ ಮಗ್ಗುಲಿನಲ್ಲಿ ಓಲಾಡುತ್ತದೆ, ಸ್ವರ ಏರಿಳಿಯುತ್ತದೆ. ಗದ್ದಲದಲ್ಲಿ ಅದು ಮುಚ್ಚಿಹೋಗುತ್ತದೆ, ಎಳೆದು ಹಿಡಿದ ಒಂದೇ ಸ್ವರದಲ್ಲಿ ಬಯಲಾಗುತ್ತದೆ. ಅದಕ್ಕೇ ಮೊದಲು ಐದು ಮಾದರಿ ಪ್ಲೇಟು ಒತ್ತಿ ಹಾಡಿನವರಿಗೆ ಕೊಡುತ್ತಾರೆ. ಅವರು ಕೇಳಿ ಸಹಿ ಹಾಕಿದ ಮೇಲೆ ಬಾಕಿಯದು. ಮಾದರಿಯನ್ನು ಲಿಸ್ಲ್‌ಗೆ ಕಳಿಸಿ, ಅವಳು ಕೇಳಿ, ವಾಪಸ್ ಹೇಳುವ ಹೊತ್ತಿಗೆ ಮೆಷಿನ್ನು ಬೇರೆ ಆರ್ಡರಿಗೆ ಹೋಗುತ್ತಿತ್ತು, ಆಮೇಲೆ ಆರು ವಾರ ಕಾಯಬೇಕು. ಆರು ವಾರ ಅವರಲ್ಲಿರಲಿಲ್ಲ. ಅಂಕಲ್, ನೀವೇ ಕೇಳಿ, ನಿಮ್ಮ ಕಿವಿ ನನಗೆ ಸಾಕು, ಅಲ್ಲದೆ ನೀವು ಇನ್‌ಸ್ಪೆಕ್ಟರ್ ಎಂದಳು. ಇಷ್ಟು ಸರಿಯಾದ ಆಯ್ಕೆಯನ್ನು ಯಾರೂ ಮಾಡಿರಲಾರರು.

ಜನವರಿ ಕೊನೆಯ ಒಂದು ಮಧ್ಯಾಹ್ನ, ಹೊರಗೆ ಫ್ಯಾರನ್‌ಹೀಟಿನ ಎಂಟು ಡಿಗ್ರಿ. ನಾನು ಸ್ನಾನ ಮಾಡಿ ಇಸ್ತ್ರಿ ಶರಟು ಹಾಕಿಕೊಂಡು ಪ್ಲೇಯರಿನ ಮುಂದೆ ಕೂತೆ. ಮೊದಲ ಮಗ್ಗುಲನ್ನು ಟಾರ್ಚ್ ಹಿಡಿದು ನೋಡುತ್ತಲೇ ಕೇಳಿದೆ. ಗೀರಿಲ್ಲ, ಗುಳ್ಳೆಯಿಲ್ಲ, ಮುಳ್ಳು ಎಲ್ಲಿಯೂ ಎಗರಲಿಲ್ಲ. ಸಂಗೀತ ನನಗೆ ಲಾರಿ ರಿವರ್ಸ್ ಬರುವಂತೆ ಕೇಳಿತು, ಆದರೆ ಅದು ನನ್ನ ಅಧಿಕಾರ ವ್ಯಾಪ್ತಿಯಲ್ಲಿರಲಿಲ್ಲ. ಎರಡನೇ ಮಗ್ಗುಲು ತಿರುಗಿಸಿದೆ. ಕೊನೆಯ ಹಾಡು ಬಂತು. ಗಿಟಾರುಗಳು ಹಿಂದೆ ಸರಿದವು. ಅವನ ಷಡ್ಜ ಎದ್ದಿತು.

ನಾನು ಕಣ್ಣು ಮುಚ್ಚಿದೆ.

ನಮ್ಮವರಿಗೆ ಇದನ್ನು ಯಾರೂ ಕಲಿಸಬೇಕಿಲ್ಲ. ಒಳ್ಳೆಯ ಹಾಡನ್ನು ಕಣ್ಣು ಬಿಟ್ಟುಕೊಂಡು ಕೇಳುವುದೆಂದರೆ ಚಪ್ಪಲಿ ಹಾಕಿಕೊಂಡು ಎಲೆಯ ಮುಂದೆ ಕೂತ ಹಾಗೆ. ಅದೂ ಇನ್ನು ಹಾಡಲಾರದ ಗೆಳೆಯನ ಸ್ವರ. ಕಣ್ಣು ಬಿಟ್ಟಿದ್ದರೆ, ಮುಳ್ಳು ಹಿಡಿದ ಕೈ ಪ್ಲೇಟಿನ ಮೇಲೆ ಗಾಣದೆತ್ತಿನ ತಲೆಯಂತೆ ಆಚೆ ಈಚೆ ತೂಗುತ್ತಿರುವುದು ಕಾಣುತ್ತಿತ್ತು. ಇಪ್ಪತ್ತೊಂಬತ್ತು ವರ್ಷ ನೋಡಿದ್ದು ಅದನ್ನೇ.

ಕಿವಿಗೆ ಮಾತ್ರ ಕೇಳಿಸಿತು. ಸ್ವರ ಸ್ವಲ್ಪ ಏರುತ್ತಿತ್ತು, ಸ್ವಲ್ಪ ಇಳಿಯುತ್ತಿತ್ತು. ನಿಲ್ಲುತ್ತಿರಲಿಲ್ಲ. ಪಾಪ, ಅಂದುಕೊಂಡೆ. ಗಂಟಲಲ್ಲಿ ಅಷ್ಟು ದೊಡ್ಡ ಗಂಟು ಇಟ್ಟುಕೊಂಡು ಹಾಡಿದ್ದಾನೆ, ಅಲ್ಲಾಡದೆ ಇರುತ್ತದೆಯೇ? ಇದನ್ನು ನಾನು ಯಾರಿಗೆ ಹೇಳಲಿ? ಮಗಳಿಗೆ, ನಿನ್ನ ಅಪ್ಪ ಕೊನೆಯ ಸಲ ಶ್ರುತಿ ಬಿಟ್ಟಿದ್ದಾನೆ ಎಂದು ಹೇಳಲೇ? ನಾನು ಅಷ್ಟು ಕೆಟ್ಟವನಲ್ಲ.

ಸಹಿಯ ಹಾಳೆಯಲ್ಲಿ ಪ್ರಶ್ನೆಗಳಿದ್ದವು. ಎಗರುತ್ತದೆಯೇ? ಇಲ್ಲ. ಕರಕರ ಇದೆಯೇ? ಇಲ್ಲ. ಸ್ವರದಲ್ಲಿ ಓಲಾಟ ಇದೆಯೇ? ಆ ಪ್ರಶ್ನೆಯ ಮುಂದೆ ಪೆನ್ನು ಒಂದು ಕ್ಷಣ ನಿಂತಿತು. ಇಲ್ಲ ಎಂದು ಗೀಟು ಹಾಕಿದೆ. ಕೆಳಗೆ, ಬೇರೆ ಏನಾದರೂ ಹೇಳುವುದಿದ್ದರೆ ಎಂಬಲ್ಲಿ, ಬಹಳ ಚೆನ್ನಾಗಿದೆ ಎಂದು ಬರೆದೆ. ಹಾಳೆ ಕೊಡುವಾಗ ಸಾಬರು ಸಹಿಯನ್ನು ನೋಡಿ, ಒಳಗೆ ಏನಿದೆಯೆಂದು ಓದದೆಯೇ ಫೈಲಿಗೆ ಸೇರಿಸಿದರು.

ಫೆಬ್ರವರಿ ಕೊನೆಗೆ ಮುನ್ನೂರು ಪ್ರತಿ ಒತ್ತಿ ಮುಗಿಯಿತು. ಮೊದಲ ಹತ್ತನ್ನು ಡಬ್ಬಿಗೆ ಹಾಕಿಸಿಕೊಂಡು ಆ ಶನಿವಾರ ನಾನೇ ಲಿಸ್ಲ್‌ಗೆ ಡ್ರೈವ್ ಮಾಡಿದೆ. ಮುನ್ನೂರು ಮೈಲಿಗೆ ಸ್ವಲ್ಪ ಕಮ್ಮಿ. ಷಿಕಾಗೋ ಕಡೆಯ ಇಲಿನಾಯ್ ಗಡಿಯಾರ ನಮಗಿಂತ ಒಂದು ಗಂಟೆ ಹಿಂದೆ, ಆದ್ದರಿಂದ ಅಲ್ಲಿಗೆ ಹೋದವರಿಗೆ ಒಂದು ಗಂಟೆ ಹೆಚ್ಚು ಸಿಕ್ಕಿದ ಹಾಗೆ ಅನಿಸುತ್ತದೆ.

ಅವನ ಮಂಚವನ್ನು ಹಾಲ್‌ನಲ್ಲಿ ಹಾಕಿದ್ದರು. ಬೆನ್ನು ಎತ್ತರಿಸುವ ಆಸ್ಪತ್ರೆ ಮಂಚ. ಅವನು ಅದರಲ್ಲಿ ಅರ್ಧವೂ ತುಂಬುತ್ತಿರಲಿಲ್ಲ. ನನ್ನನ್ನು ನೋಡಿ ಹಲಗೆ ಎತ್ತಿಕೊಂಡು, ದಪ್ಪ ಆಗಿದೀಯ ಎಂದು ಬರೆದ. ಕೇಳುವ ಮೊದಲು ಮುಖ ತೊಳೆಸಿಕೊಂಡ, ಒಗೆದ ಶರಟು ಹಾಕಿಸಿಕೊಂಡ, ಕೊಟ್ಟ ನೋವಿನ ಮಾತ್ರೆಯನ್ನು ಬೇಡವೆಂದ. ಅದು ತೂಕಡಿಕೆ ತರಿಸುತ್ತಿತ್ತು. ಮಗಳು ಪ್ಲೇಟು ಹಾಕಿ, ಕಿಟಕಿಯ ಹತ್ತಿರ ಹೋಗಿ ನಿಂತಳು. ಮೂವತ್ತನಾಲ್ಕು ವರ್ಷದವಳು ಎಸ್ಸೆಸ್ಸೆಲ್ಸಿ ರಿಸಲ್ಟಿಗೆ ಕಾದವಳಂತೆ ಉಗುರು ನೋಡಿಕೊಳ್ಳುತ್ತಿದ್ದಳು.

ಮೊದಲ ಮಗ್ಗುಲು ಮುಗಿಯುವವರೆಗೆ ಅವನು ಅಲುಗಲಿಲ್ಲ. ಮುಗಿದ ಮೇಲೆ ಹಲಗೆ ತೆಗೆದುಕೊಂಡು ಬಹಳ ಹೊತ್ತು ಯೋಚಿಸಿ ಬರೆದು ಅವಳ ಕಡೆ ತಿರುಗಿಸಿದ. ಶ್ರುತಿ ಇದೆ ಎಂದಿತ್ತು. ಎರಡೇ ಪದ. ಅವಳು ಓದಿ, ತಲೆಯಾಡಿಸಿ, ಬಾತ್‌ರೂಮಿಗೆ ಹೋಗಿ ಬಂದಳು. ಬಂದಾಗ ಮುಖ ಒದ್ದೆಯಿತ್ತು. ಅಲ್ಲಿಗೆ ಈ ಕಥೆ ನಿಂತಿದ್ದರೆ ನಾನು ಇದನ್ನು ಬರೆಯುತ್ತಿರಲಿಲ್ಲ.

ಎರಡನೇ ಮಗ್ಗುಲಿನ ಕೊನೆಯ ಹಾಡಿಗೆ ಅವನು ಕಣ್ಣು ಮುಚ್ಚಿದ. ನಾನು ಈ ಸಲ ಮುಚ್ಚಲಿಲ್ಲ, ಅವನ ಮುಖ ನೋಡುತ್ತಿದ್ದೆ. ಷಡ್ಜ ಶುರುವಾಗಿ ಅರ್ಧ ನಿಮಿಷಕ್ಕೆ ಹುಬ್ಬು ಗಂಟಾಯಿತು. ಅದು ಗೃಹಪ್ರವೇಶಗಳಲ್ಲಿ ನಾನು ನೂರು ಸಲ ನೋಡಿದ ಗಂಟು. ನಾನು ನೋಟ ತಪ್ಪಿಸಿ ಪ್ಲೇಯರಿನ ಕಡೆ ತಿರುಗಿದೆ. ಮುಳ್ಳಿನ ಕೈ ತೂಗುತ್ತಿತ್ತು. ಆಚೆ, ಈಚೆ, ಆಚೆ.

ಹಾಡು ಮುಗಿಯಿತು. ಅವನು ಬರೆದ:

"ನೀವೆಲ್ಲ ಸರಿಯಾಗಿದೀರಿ. ನಾನೇ ಶ್ರುತಿ ಬಿಟ್ಟಿದೀನಿ."

ಮಗಳು ಇಲ್ಲ ಅಪ್ಪ, ಇಲ್ಲ ಎಂದು ಫೋನ್ ತೆಗೆದು ಅದೇ ಹಾಡಿನ ಫೈಲನ್ನು ಹಾಕಿದಳು. ಅದರಲ್ಲಿ ಷಡ್ಜ ನೆಟ್ಟ ಕಂಬದಂತೆ ನಿಂತಿತ್ತು. ಅವನು ಪೂರ್ತಿ ಕೇಳಿಸಿಕೊಂಡು ನಕ್ಕ. ಆಪರೇಷನ್ ಆದಮೇಲೆ ಅವನ ನಗುವಿಗೂ ಸದ್ದಿರಲಿಲ್ಲ. ಕಂಪ್ಯೂಟರಿನಲ್ಲಿ ತಿದ್ದಿದೀಯ ಎಂದು ಬರೆದ. ತಿದ್ದಿಲ್ಲವೆಂದು ಅವಳು ಅಮ್ಮನ ಆಣೆ ಇಟ್ಟಳು, ಅದೂ ಕನ್ನಡದಲ್ಲಿ. ಅವನು ನಂಬಲಿಲ್ಲ. ಈ ಕಾಲದಲ್ಲಿ ಕಂಪ್ಯೂಟರು ಯಾರ ಅಪಸ್ವರವನ್ನಾದರೂ ನೆಟ್ಟಗೆ ಮಾಡುತ್ತದೆ, ಪ್ಲೇಟು ಸುಳ್ಳು ಹೇಳುವುದಿಲ್ಲ. ಅವನ ವಾದದಲ್ಲಿ ತಪ್ಪು ಹುಡುಕುವುದು ಕಷ್ಟವಿತ್ತು. ಅವನ ಲೆಕ್ಕದಲ್ಲಿ, ಮಗಳಿಗೆ ಎರಡು ಪದದಲ್ಲಿ ಹೇಳಿದ್ದು ಈಗ ಅವನಿಗೇ ಬಂದು ಕೂತಿತ್ತು. ಅದನ್ನು ಹೊತ್ತುಕೊಂಡೇ ಹೋಗಲು ಸಿದ್ಧನಾದವನಂತೆ ಹಲಗೆಯನ್ನು ಬೋರಲು ಹಾಕಿದ.

ನಾನು ಎದ್ದು ನಿಂತು ಹೇಳಿದೆ. ತೂತು ನಡುವಿನಲ್ಲಿಲ್ಲ. ಮಾದರಿ ಪ್ಲೇಟಿನಲ್ಲೇ ಹಾಗಿತ್ತು. ಕೇಳಿಸಿತ್ತು, ನಿನ್ನ ಗಂಟಲೇ ಹಾಗಾಗಿರಬೇಕು ಎಂದುಕೊಂಡು ಸಹಿ ಹಾಕಿದೆ. ಕಣ್ಣು ಮುಚ್ಚಿಕೊಂಡಿದ್ದೆ.

ಅವನು ಮಾರ್ಕರ್ ಎತ್ತಿಕೊಂಡ. ಹಲಗೆ ತಿರುಗಿಸಿ ಬರೆದ:

"ಸಮಾಧಾನ ಹೇಳ್ಬೇಡ. ನಲವತ್ತು ವರ್ಷ ಇದೇ ಮಾಡಿದೀಯ."

ಊರಲ್ಲಿ ಯಾರು ಹೇಗೆ ಹಾಡಿದರೂ ಭೇಷ್ ಅಂದವನ ನಿಜಕ್ಕೆ ಬೆಲೆ ಇರಲಿಲ್ಲ. ನಾನು ಆ ಕೊನೆಯ ಹಾಡನ್ನು ಮತ್ತೆ ಹಾಕಿದೆ. ಪ್ಲೇಟಿನ ನಡುವಿನ ಲೇಬಲ್ಲಿನಲ್ಲಿ ಡ್ರಮ್ಮಿನವನು ಬಿಡಿಸಿದ ಹಿಮ ಎತ್ತುವ ಸಲಿಕೆಯ ಚಿತ್ರವಿತ್ತು. ಆ ಸಲಿಕೆಯ ಹಿಡಿ ಕಿಟಕಿಯ ಕಡೆ ಬಂದಾಗಲೆಲ್ಲ ಸ್ವರ ಇಳಿಯುತ್ತಿತ್ತು. ಮಲಗಿದವನಿಗೆ ಅದು ಕಾಣದು. ಹೊದಿಕೆಯ ಮೇಲಿದ್ದ ಅವನ ಕೈ ಹಿಡಿದುಕೊಂಡು, ಸ್ವರ ಇಳಿದಾಗಲೆಲ್ಲ ತೊಡೆಯ ಮೇಲೆ ತಟ್ಟಿಸಿದೆ. ತಟ್ಟು, ಬಿಡು. ತಟ್ಟು, ಬಿಡು. ಎರಡು ಸೆಕೆಂಡಿಗೆ ತುಸು ಕಮ್ಮಿ, ಪ್ರತಿ ಸಲವೂ ಅಷ್ಟೇ.

"ರೋಗ ಇಷ್ಟು ಸರಿಯಾಗಿ ತಾಳ ಹಾಕಲ್ಲ ಕಣೋ," ಅಂದೆ. "ಇದು ಮೆಷಿನ್ನು."

ಅವನು ನನ್ನ ಕೈ ಬಿಡಿಸಿಕೊಂಡು ತಾನೇ ತಟ್ಟಿ ನೋಡಿದ. ಏಳು ಆವರ್ತ, ಎಂಟು ಆವರ್ತ. ಹುಬ್ಬಿನ ಗಂಟು ಪೂರ್ತಿ ಹೋಗಲಿಲ್ಲ, ಬೇರೆ ಥರದ ಗಂಟಾಯಿತು. ಬರೆದ: "ನೋಡೋಣ. ಸರಿ ಮಾಡಿ ತಗೊಂಡ್ ಬಾ. ಬೇಗ." ಕೊನೆಯ ಪದದ ಕೆಳಗೆ ಎರಡು ಗೆರೆ ಎಳೆದ.

ಪ್ಲೇಟಿನ ತೂತನ್ನು ದೊಡ್ಡದು ಮಾಡಿ ಪ್ಲೇಟನ್ನು ಸ್ವಲ್ಪ ಸರಿಸಿ ಕೂರಿಸಿದರೆ ಓಲಾಟ ಹೋಗುತ್ತದೆ. ಆದರೆ ಕೆಲಸವೆಂದರೆ ಕೆಲಸದ ಥರ ಆಗಬೇಕಲ್ಲ? ನನ್ನ ಗ್ಯಾರೇಜಿನಲ್ಲಿ ತೂತು ಹಿಗ್ಗಿಸುವ ರೀಮರ್ ಇದೆ, ಸಣ್ಣ ಲೇತ್ ಇದೆ, ಗೇಜ್ ಇದೆ. ತೂತನ್ನು ನೀಟಾಗಿ ಕೊರೆದು, ನೈಲಾನಿನ ಬುಷ್ ಒಂದನ್ನು, ಬಿಲ್ಲೆಯಂಥದ್ದು, ಅದರೊಳಗೆ ಕೂರಿಸಿ, ಬುಷ್ಷಿನಲ್ಲಿ ಸರಿಯಾದ ಜಾಗಕ್ಕೆ ಹೊಸ ತೂತು. ಭಾನುವಾರ ಬೆಳಿಗ್ಗೆ ಒಂದು ಪ್ರತಿ ಹಿಡಿದುಕೊಂಡು ಮಿಷಿಗನ್ನಿನ ನನ್ನ ಮನೆಗೆ ಹೊರಟೆ. ಗುರುವಾರದೊಳಗೆ ಬರುತ್ತೇನೆಂದು ಹೇಳಿದಾಗ ಅವನು ಬೆರಳಿನಲ್ಲಿ ಗೋಡೆ ಗಡಿಯಾರ ತೋರಿಸಿದ.

ಮನೆಯಲ್ಲಿ ವಿಷಯ ಕೇಳಿ ಹೆಂಡತಿ ಒಂದೇ ಮಾತು ಅಂದಳು: "ಅವರ ಮನೇಲಿ ಚಾಕು ಇರ್ಲಿಲ್ವಾ?"

ಚಾಕುವಿನಿಂದ ಕೆರೆದರೆ ತೂತು ಗುಂಡಗಿರುವುದಿಲ್ಲವೆಂದು ಅವಳಿಗೆ ವಿವರಿಸಿದೆ. ಉದಾಹರಣೆ ಸಹಿತ ವಿವರಿಸಿದೆ.

ಸೋಮವಾರ ಸಾಬರ ಹತ್ತಿರ ಹೋದೆ. ಇಬ್ಬರೂ ಸೇರಿ ಮುಳ್ಳಿನ ಕೈಯ ತೂಗಾಟ ಅಳೆದೆವು. ತೂತು ಮೂವತ್ತು ಥೌ ಆಚೆ ಇತ್ತು. ಅವರು ಗೇಜನ್ನು ಒರೆಸಿ ಡಬ್ಬಿಯಲ್ಲಿಟ್ಟು, ಕೂತು, ತಮ್ಮ ಕೈ ನೋಡಿಕೊಂಡರು.

"ಒತ್ತೋವಾಗ ನನ್ನ ಹುಡುಗ್ರು ಅಂದಿದ್ರು ಸರ, ಸ್ವಲ್ಪ ತೂಗಿದಂಗ ಕಾಣ್ತೈತಿ ಅಂತ. ನಾನ ಅಂದೆ, ಅವರು ಪಾಸ್ ಮಾಡ್ಯಾರ, ಎರಡೂವರಿ ಥೌಕ್ಕ ನನ್ನ ಲಾರಿ ತಿರುಗಿ ಕಳಿಸಿದವರು. ನಿಮಗ ಕಾಣೋದು ಅವರಿಗೆ ಕಾಣಂಗಿಲ್ಲೇನು, ಸುಮ್ನ ಒತ್ರಿ ಅಂದೆ."

ಹೊಸ ಅಚ್ಚು ನಾನೇ ಮಾಡಿಸಿ ಮುನ್ನೂರನ್ನೂ ಮತ್ತೆ ಒತ್ತಿಕೊಡುತ್ತೇನೆ, ನಾಲ್ಕು ವಾರ ಹಿಡಿಯುತ್ತದೆ ಅಂದರು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಗ್ಯಾರೇಜಿನಲ್ಲಿ ಮೊದಲ ಬುಷ್ ಸೋಮವಾರ ಸಂಜೆಗೆ ಆಯಿತು. ಕೂರಿಸಿ ಅಳೆದೆ, ಆರು ಥೌ ಇತ್ತು. ಕಿವಿಗೆ ಅದು ಕೇಳಿಸುವುದೇ ಇಲ್ಲ. ಆದರೆ ಮೂವತ್ತು ಪಾಸ್ ಮಾಡಿದವನು ಆರನ್ನು ಹಿಡಿದುಕೊಂಡು ಅವನ ಮುಂದೆ ಹೇಗೆ ನಿಲ್ಲುವುದು? ಅದನ್ನು ಎಸೆದೆ. ಎರಡನೆಯದು ಮಂಗಳವಾರ, ಮೂರೂವರೆ. ಅದನ್ನೂ ಎಸೆದೆ. ಬುಧವಾರ ಬೆಳಿಗ್ಗೆ ಮೂರನೆಯದನ್ನು ಕೂರಿಸಿ ಗೇಜಿನ ಮುಳ್ಳು ನೋಡುತ್ತಿದ್ದೆ. ಒಂದೂವರೆ ಥೌ. ನನ್ನ ಗಡಿಯಾರದಲ್ಲಿ ಹತ್ತೂಕಾಲು. ಹೆಂಡತಿ ಗ್ಯಾರೇಜಿನ ಬಾಗಿಲಲ್ಲಿ ಫೋನ್ ಹಿಡಿದು ಬಂದು ನಿಂತಳು. ಫೋನ್ ಚಾಚಿದಳು. ಲಿಸ್ಲ್ ಗಡಿಯಾರದಲ್ಲಿ ಒಂಬತ್ತಕ್ಕೆ, ನಿದ್ದೆಯಲ್ಲೇ ಹೋಗಿದ್ದ.

ಮಂಗಳವಾರ ಸಂಜೆಯವರೆಗೂ ಎಚ್ಚರವಿದ್ದನಂತೆ. ಸೋಮವಾರ ಬೆಳಿಗ್ಗೆ ಒಂದು ಸಲ, ಮಂಗಳವಾರ ಎರಡು ಸಲ, ಬಂದನಾ ಎಂದು ಬರೆದು ಕೇಳಿದ್ದನಂತೆ. ಅವರ ಮನೆಯಿಂದ ಹಾರ್ಡ್‌ವೇರ್ ಅಂಗಡಿ ಒಂದೂವರೆ ಮೈಲಿ. ಅದನ್ನು ನಾನು ಆಮೇಲೆ ಕಾರಿನಲ್ಲಿ ಅಳೆದೆ. ಅಡಿಗೆಮನೆಯ ಚಾಕು ಮಂಚದಿಂದ ಇಪ್ಪತ್ತು ಹೆಜ್ಜೆ.

ಗುರುವಾರ ಹೇಳಿದ ಮಾತಿನಂತೆ ಪ್ಲೇಟು ಹಿಡಿದುಕೊಂಡು ಲಿಸ್ಲ್‌ಗೆ ಹೋದೆ. ಮಂಚ ಆಗಲೇ ವಾಪಸ್ ಹೋಗಿತ್ತು, ಕಾರ್ಪೆಟ್ಟಿನ ಮೇಲೆ ನಾಲ್ಕು ಗಾಲಿಯ ಗುರುತಿತ್ತು. ಹಲಗೆಯನ್ನು ಯಾರೋ ಒರೆಸಿ, ಕಾರು ಎಲ್ಲಿ ನಿಲ್ಲಿಸಬೇಕು ಎಂದು ಬಂದವರಿಗೆ ಬರೆದು ಮುಂಬಾಗಿಲಿಗೆ ಒರಗಿಸಿದ್ದರು. ಶುಕ್ರವಾರ ಎಲ್ಲ ಮುಗಿಯಿತು. ಜನ ಹೋದ ಮೇಲೆ, ಮಧ್ಯಾಹ್ನ, ಮಗಳು ಆ ಪ್ಲೇಟನ್ನು ಕೇಳಿದಳು. ಹಾಕಿದೆ. ಅವಳು ಕಣ್ಣು ಮುಚ್ಚಲಿಲ್ಲ, ನಾನೂ ಮುಚ್ಚಲಿಲ್ಲ. ಇಬ್ಬರೂ ಮುಳ್ಳಿನ ಕೈಯನ್ನೇ ನೋಡುತ್ತ ಕೂತೆವು. ಅದು ತೂಗಲಿಲ್ಲ. ಷಡ್ಜ ಎದ್ದು, ನಿಂತು, ಉಸಿರಿಗೆ ತಡೆದು, ಮತ್ತೆ ಅದೇ ಜಾಗದಲ್ಲಿ ನಿಂತಿತು.

ಮುಗಿದ ಮೇಲೆ ಅವಳು ಇಂಗ್ಲಿಷಿನಲ್ಲಿ ಕೇಳಿದಳು, ಅಂಕಲ್, ಶನಿವಾರ ಅಪ್ಪ ನಿಮ್ಮ ಮಾತು ನಂಬಿದರು ಅಂತ ನಿಮಗೆ ಅನಿಸುತ್ತಾ ಎಂದು. ನಂಬಿದ ಎಂಬುದು ನಾಲಿಗೆಯ ತುದಿಯಲ್ಲೇ ಇತ್ತು. ಅಭ್ಯಾಸದ ಮಾತು, ತಾನಾಗಿ ಬರುತ್ತದೆ.

"ಗೊತ್ತಿಲ್ಲಮ್ಮ," ಅಂದೆ.

ಅವಳು ಪ್ಲೇಟನ್ನು ಕವರಿಗೆ ಹಾಕಿಟ್ಟಳು.

ಹೊಸ ಅಚ್ಚಿನ ಮಾದರಿ ಪ್ಲೇಟು ಮಾರ್ಚ್ ಕೊನೆಗೆ ಬಂತು. ಸಾಬರ ಮುಂದೆಯೇ ಅಳೆದೆ. ಎರಡೂ ಮಗ್ಗುಲು ಎರಡು ಥೌ ಒಳಗಿತ್ತು. ಸಹಿ ಹಾಕಿದೆ. ಮುನ್ನೂರು ಪ್ರತಿ ಏಪ್ರಿಲಿನಲ್ಲಿ ಹೊರಬಂದವು.